ಗ್ರೀಸಿನ ನಾಡಹಾಡುಗಳೂ ತೆರೆಯ ಮೇಲಿನ ಮಾರ್ಗದರ್ಶಿಯೂ

೧

ಗ್ರೀಕರ ಸಾಹಿತ್ಯವು ಕನ್ನಡದ ವಿದ್ವಾಂಸರಿಗೆ ಅಪರಿಚಿತವಾದುದಲ್ಲ. ಸೊಫೊಕ್ಲಿಸನ ನಾಟಕವೊಂದನ್ನು ಆಧರಿಸಿ ಬಿ. ಎಂ. ಶ್ರೀಕಂಠಯ್ಯನವರು 'ಅಶ್ವತ್ಥಾಮನ್' ನಾಟಕವನ್ನೂ, ಈಸ್ಕಿಲಸನ ಕೃತಿಯನ್ನನುಸರಿಸಿ 'ಪಾರಸಿಕರು' ಎಂಬುದನ್ನೂ ರಚಿಸಿದ ಮೇಲೆ ಗ್ರೀಕ್ ರುದ್ರನಾಟಕದ ಸ್ವರೂಪವು ಇಲ್ಲಿಯ ಪಾಠಪ್ರವಚನಗಳಿಗೂ ವಿಷಯವಾಯಿತು. ಆದರೆ ಈ ಪರಿಚಯವೆಲ್ಲ ಬಹುಮಟ್ಟಿಗೆ ಪ್ರಾಚೀನ ಗ್ರೀಸಿಗೆ ಸಂಬಂಧಪಟ್ಟುದು. ಅದೇ ದೇಶದ ಬೆಟ್ಟಗಳಲ್ಲಿಯೂ ದ್ವೀಪಗಳಲ್ಲಿಯೂ ಈಗ ಬಾಳುತ್ತಿರುವ ಜನರ ಹಾಡು, ಕುಣಿತ, ಮದುವೆ, ಮರಣ ಇವುಗಳ ವಿಚಾರವು ಇಲ್ಲಿಯವರಿಗೆ ಅಷ್ಟಾಗಿ ತಿಳಿಯದು. ಅಲ್ಲಿಯ ಮಾರ್ಗವನ್ನು ಬಲ್ಲವರು ಅಲ್ಲಿಯ ದೇಸಿಯನ್ನು ಅರಿಯದೆ ಇರುವಂತಾಗಿದೆ.

ಈ ದೇಸಿಯನ್ನು ದೂರದವರಿಗೆ ತಿಳಿಯಪಡಿಸುವ ಸಾಧನಗಳಲ್ಲಿ ಸಾಕ್ಷ್ಯಚಿತ್ರವೂ ಒಂದು. ವಿವರಣೆಯ ದೃಷ್ಟಿಯಿಂದ ಇಂತಹ ಚಿತ್ರಗಳನ್ನು ಮೂರು ಬಗೆಯಾಗಿ ವಿಂಗಡಿಸಬಹುದು. ಕೆಲವುಗಳಲ್ಲಿ ಮುಖ ಕಾಣದ ಧ್ವನಿಯೊಂದು ಹಿನ್ನೆಲೆಯಿಂದ ಎಲ್ಲವನ್ನೂ ವಿವರಿಸುತ್ತದೆ. ಕೆಲವುಗಳಲ್ಲಿ ವಿವರಣೆಯೇ ಇರುವುದಿಲ್ಲ. ಕಂಡುದನ್ನು ಕಂಡಂತೆ ತೋರಿಸಿ ಅರ್ಥವನ್ನು ನೋಡುವವರಿಗೆ ಬಿಡುತ್ತಾರೆ. ಮತ್ತೆ ಕೆಲವುಗಳಲ್ಲಿ ಒಬ್ಬ ವ್ಯಕ್ತಿಯು ತೆರೆಯ ಮೇಲೆಯೇ ಕಾಣಿಸಿಕೊಂಡು, ಊರಿನಿಂದೂರಿಗೆ ಸಂಚರಿಸಿ, ಹಾಡುವವರ ಪಕ್ಕದಲ್ಲಿ ಕುಳಿತು, ಅವರನ್ನು ಮಾತನಾಡಿಸುತ್ತ ನೋಡುವವರನ್ನು ಕೈಹಿಡಿದು ನಡೆಸುವುದುಂಟು. ಈ ಮೂರನೆಯ ಬಗೆಯ ಮಾರ್ಗದರ್ಶಿಯೇ ಪ್ರಕೃತ ವಿಷಯ. ಇಂತಹವರಿಂದ ಆಗುವ ಉಪಕಾರವೇನು, ಅಪಾಯವೇನು, ಇವರಿಲ್ಲದಿದ್ದರೆ ನಾಡಹಾಡಿಗೆ ಆಗುವ ಕೊರತೆಯೇನು ಎಂಬುದನ್ನು ಗ್ರೀಸಿನ ನಿದರ್ಶನದಿಂದ ವಿಚಾರಮಾಡಬಹುದು.

೨

ಮಾರ್ಗದರ್ಶಿಯ ಕೆಲಸವು ಗ್ರೀಸಿಗೆ ಹೊಸದಲ್ಲ. ಕ್ರಿಸ್ತಶಕ ಎರಡನೆಯ ಶತಮಾನದಲ್ಲಿ ಪೌಸೇನಿಯಸ್ ಎಂಬವನು ದೇಶವನ್ನು ಸುತ್ತಿ ಹತ್ತು ಸಂಪುಟಗಳಲ್ಲಿ ಅದರ ವರ್ಣನೆಯನ್ನು ಬರೆದನು. ಅವನ ಗ್ರಂಥಕ್ಕೆ 'ಪೆರಿಯೇಗೆಸಿಸ್' ಎಂದು ಹೆಸರು. ಸುತ್ತ ಕರೆದೊಯ್ಯುವುದು ಎಂದು ಅದರ ಅರ್ಥ. ಅವನು ಹೋದ ಪುಣ್ಯಸ್ಥಳಗಳಲ್ಲಿ ಸ್ಥಳೀಯರಾದ ವಿವರಣೆಗಾರರಿದ್ದರು. ಅವರನ್ನು 'ಎಕ್ಸೆಗೆಟೀಸ್', ಎಂದರೆ ಅರ್ಥವನ್ನು ಬಿಡಿಸಿ ಹೇಳುವವರು, ಎಂದು ಕರೆಯುತ್ತಿದ್ದರು. ಕರೆದೊಯ್ಯುವವನು ಹೊರಗಿನಿಂದ ಬಂದವನು; ಬಿಡಿಸಿ ಹೇಳುವವನು ಊರಿನವನು. ಈ ಎರಡು ಪಾತ್ರಗಳ ಭೇದವನ್ನು ಮರೆಯಬಾರದು.

ಈ ವೃತ್ತಿಯ ದೋಷಗಳೂ ಅಷ್ಟೇ ಹಳೆಯವು. ಆರ್ಗೋಸ್ ಪಟ್ಟಣದ ವಿವರಣೆಗಾರರಿಗೆ ತಾವು ಹೇಳುವುದೆಲ್ಲ ನಿಜವಲ್ಲವೆಂದು ತಿಳಿದಿದ್ದರೂ ಅದನ್ನೇ ಹೇಳುತ್ತಾರೆಂದೂ, ಬಹುಜನರ ನಂಬಿಕೆಯನ್ನು ಬದಲಿಸುವುದು ಸುಲಭವಲ್ಲವೆಂದೂ ಪೌಸೇನಿಯಸನು ಬರೆದಿರುವನು. ಡೆಲ್ಫಿಯಲ್ಲಿ ತಾನೇ ಅರ್ಚಕನಾಗಿದ್ದ ಪ್ಲೂಟಾರ್ಕನ ಸಂವಾದವೊಂದರಲ್ಲಿ ಅಲ್ಲಿಯ ವಿವರಣೆಗಾರರು ಬಂದವರ ಬಿನ್ನಹವನ್ನು ಲಕ್ಷಿಸದೆ ತಮ್ಮ ಪಾಠವನ್ನು ಮೊದಲಿಂದ ಕೊನೆಯವರೆಗೆ ಒಪ್ಪಿಸುತ್ತಾರೆ. ಜನ ಬಯಸಿದುದನ್ನೇ ಹೇಳುವುದು ಒಂದು ದೋಷ. ಕೇಳುವವರಿಗೆ ಕಿವಿಗೊಡದೆ ಮಾತನಾಡುವುದು ಇನ್ನೊಂದು. ಇವೆರಡೂ ಕ್ಯಾಮರಾದ ಮುಂದೆ ನಿಂತವರಿಗೂ ಅಂಟಿ ಬಂದಿವೆ.

೩

ಗ್ರೀಸಿನ ನಾಡಹಾಡುಗಳ ಸಂಗ್ರಹದ ಚರಿತ್ರೆಯನ್ನು ಸ್ವಲ್ಪ ನೋಡಿದರೆ ಮಾರ್ಗದರ್ಶಿಯ ಅವಶ್ಯಕತೆಯು ಎಲ್ಲಿಂದ ಹುಟ್ಟಿತೆಂಬುದು ತಿಳಿಯುತ್ತದೆ.

ಮೊದಲನೆಯ ದೊಡ್ಡ ಸಂಗ್ರಹವು ಪ್ಯಾರಿಸ್ಸಿನಲ್ಲಿ ೧೮೨೪-೨೫ರಲ್ಲಿ ಎರಡು ಸಂಪುಟಗಳಾಗಿ ಪ್ರಕಟವಾಯಿತು. ಅದರ ಸಂಪಾದಕನಾದ ಕ್ಲೋಡ್ ಫೋರಿಯೆಲ್ ಎಂಬ ಫ್ರೆಂಚ್ ಪಂಡಿತನು ಗ್ರೀಸಿಗೆ ಹೋದವನೇ ಅಲ್ಲ. ವೆನಿಸ್, ಟ್ರಿಯೆಸ್ಟ್ ಮೊದಲಾದ ಕಡೆ ನೆಲೆಸಿದ್ದ ಗ್ರೀಕರಿಂದ ಹಾಡುಗಳನ್ನು ಕೂಡಿಸಿದನು. ಆ ಪುಟಗಳಲ್ಲಿ ಮಾತಿದೆ, ಮಟ್ಟಿಲ್ಲ. ಮುಂದೆ ೧೯೧೪ರಲ್ಲಿ ಗ್ರೀಸಿನ ಜಾನಪದ ಶಾಸ್ತ್ರಕ್ಕೆ ತಳಹದಿಯನ್ನು ಹಾಕಿದ ನಿಕೊಲಾಓಸ್ ಪೊಲಿಟಿಸ್ ಪ್ರಸಿದ್ಧವಾದ ಆಯ್ಕೆಯೊಂದನ್ನು ಹೊರತಂದನು. ಬೇರೆ ಬೇರೆ ಊರುಗಳ ಪಾಠಾಂತರಗಳನ್ನು ಹೋಲಿಸಿ, ಒಂದೊಂದರಿಂದ ಒಂದೊಂದು ಸಾಲನ್ನೆತ್ತಿ ಅಖಂಡವಾದ ಪಾಠವನ್ನು ಕಟ್ಟುವುದು ಅವನ ಪದ್ಧತಿ. ಓಲೆಯ ಪ್ರತಿಗಳನ್ನು ಸಂಪಾದಿಸುವವರಿಗೆ ಈ ಕ್ರಮವು ಪರಿಚಿತವಾದುದೇ. ಆದರೆ ಹಾಡಿಗೆ ಕವಿಯ ಮೂಲಪ್ರತಿಯೆಂಬುದಿಲ್ಲ. ಹಾಡಿದಷ್ಟು ಸಲವೂ ಅದು ಮೂಲವೇ. ಹೀಗೆ ಶುದ್ಧಗೊಂಡ ಪಾಠವು ಯಾವ ಊರಿನವರ ಬಾಯಲ್ಲಿಯೂ ಇಲ್ಲದ ಪಾಠವಾಗಬಹುದೆಂಬ ಆಕ್ಷೇಪಣೆಯು ಆಮೇಲಿನ ವಿದ್ವಾಂಸರಿಂದ ಬಂದಿತು.

ಧ್ವನಿಮುದ್ರಣವು ಬಂದ ಮೇಲೆ ಮಟ್ಟು ಉಳಿಯುವಂತಾಯಿತು. ಯುಬೇರ್ ಪೆರ್ನೊ ಎಂಬವನು ೧೮೯೮-೯೯ರಲ್ಲಿ ಖಿಯೋಸ್ ದ್ವೀಪಕ್ಕೆ ಫೋನೋಗ್ರಾಫನ್ನು ಒಯ್ದು ಮೇಣದ ಉರುಳೆಗಳ ಮೇಲೆ ಹಾಡುಗಳನ್ನು ಹಿಡಿದನು. ೧೯೩೦-೩೧ರಲ್ಲಿ ಅವನೂ ಮೆಲ್ಪೊ ಮೆರ್ಲಿಯೆ ಎಂಬ ವಿದುಷಿಯೂ ಅಥೆನ್ಸಿನಲ್ಲಿ ನಾನಾ ಪ್ರಾಂತಗಳ ಗಾಯಕರಿಂದ ಹಾಡಿಸಿ ನೂರಾರು ಹಾಡುಗಳನ್ನು ತಟ್ಟೆಗಳಲ್ಲಿ ಮುದ್ರಿಸಿದರು. ಮಾತೂ ಮಟ್ಟೂ ದೊರೆತುವು. ಆದರೆ ಹಾಡಿದವರ ಮುಖವೂ, ಕೈಯ ಅಭಿನಯವೂ, ಸುತ್ತ ಕುಳಿತಿದ್ದವರೂ ಮರೆಯಾದರು. ಚಲಚ್ಚಿತ್ರವು ಬಂದು ಮುಖವನ್ನು ತಂದಿತು. ಅಲ್ಲಿಗೆ ಕೊರತೆಯೆಲ್ಲ ತೀರಿದಂತೆ ತೋರಬಹುದು. ತೀರಲಿಲ್ಲ, ಏಕೆಂದರೆ ಇಷ್ಟರ ಮೇಲೂ ಉಳಿದುದೊಂದಿತ್ತು. ಅದು ಹಾಡಿನ ಸಂದರ್ಭ. ಎಂದರೆ ಹಾಡು ಯಾರನ್ನು ಕುರಿತು ಹುಟ್ಟಿತೋ ಆ ಕೇಳುಗರು.

೪

ನಾಡಹಾಡಿಗೆ ಕೇಳುಗರು ಎಷ್ಟು ಮುಖ್ಯರೆಂಬುದನ್ನು ಮೂರು ಪ್ರಾಂತಗಳ ಪದ್ಧತಿಗಳಿಂದ ತಿಳಿಯಬಹುದು.

ದೊಡೆಕನೀಸ್ ದ್ವೀಪಗಳಲ್ಲಿ ಒಂದಾದ ಕಾರ್ಪಥೋಸಿನಲ್ಲಿ, ವಿಶೇಷವಾಗಿ ಅದರ ಉತ್ತರದ ಓಲಿಂಬೋಸ್ ಎಂಬ ಹಳ್ಳಿಯಲ್ಲಿ, 'ಗ್ಲೆಂದಿ' ಎಂಬ ಕೂಟವು ನಡೆಯುತ್ತದೆ. ಗಂಡಸರು ಮೇಜಿನ ಸುತ್ತ ಕುಳಿತು, ಕಮಾನಿನಿಂದ ನುಡಿಸುವ ಲಿರಾ, ಮೀಟಿ ನುಡಿಸುವ ಲಾಉತೊ, ತೊಗಲಿನ ಚೀಲವನ್ನು ಕಟ್ಟಿದ ಊದುವಾದ್ಯ ಇವುಗಳ ಜೊತೆಯಲ್ಲಿ 'ಮಾಂತಿನಾದ'ಗಳನ್ನು ಹಾಡುವರು. ಮಾಂತಿನಾದವೆಂದರೆ ಹದಿನೈದು ಅಕ್ಷರಗಳ ಎರಡು ಸಾಲುಗಳಿಂದಾದ, ಅಂತ್ಯಪ್ರಾಸವುಳ್ಳ ದ್ವಿಪದಿ. ಇದನ್ನು ಅಲ್ಲಿಯೇ ಕಟ್ಟಿ ಒಬ್ಬನು ಇನ್ನೊಬ್ಬನನ್ನು ಉದ್ದೇಶಿಸಿ ಹೇಳುತ್ತಾನೆ. ಪರದೇಶದಿಂದ ಹಿಂದಿರುಗಿದ ಮಗ, ತೀರಿಹೋದ ಅಣ್ಣ, ಹೊಸದಾಗಿ ಬಂದ ಅಳಿಯ, ಯಾವುದಾದರೂ ವಿಷಯವಾಗಬಹುದು. ಎದುರಿನವನು ದ್ವಿಪದಿಯಲ್ಲಿಯೇ ಉತ್ತರ ಕೊಡುವನು. ಕೇಳುವವರು ಕಣ್ಣೀರು ತರುವುದೂ ಉಂಟು. ಈ ದ್ವಿಪದಿಗಳಲ್ಲಿ ಒಂದನ್ನು ಬಿಡಿಸಿ ಬರೆದುಕೊಂಡರೆ ಅದು ಸಂಭಾಷಣೆಯಿಂದ ಕಿತ್ತ ಅರ್ಧಮಾತು. ಯಾರು ಯಾರಿಗೆ ಹೇಳಿದರೆಂದು ತಿಳಿಯದವರಿಗೆ ಅದರ ರಸವು ದಕ್ಕದು.

ಎರಡನೆಯದು ವಾಯವ್ಯದ ಎಪೀರಸ್ ಪ್ರಾಂತ. ಆಲ್ಬೇನಿಯದ ಗಡಿಯ ಸುತ್ತಮುತ್ತ ಅಲ್ಲಿ ಹಲವು ಕಂಠಗಳ ಹಾಡು ಬಳಕೆಯಲ್ಲಿದೆ. ಇದರಲ್ಲಿ ಒಬ್ಬೊಬ್ಬರಿಗೂ ಒಂದೊಂದು ಕೆಲಸ. ಹಾಡನ್ನು ಎತ್ತಿಕೊಳ್ಳುವವನು 'ಪಾರ್ತಿಸ್'. ಅದನ್ನು ತಿರುಗಿಸಿ ಉತ್ತರಿಸುವವನು 'ಗಿರಿಸ್ತಿಸ್'. ಸ್ವರವನ್ನು ದಾರದಂತೆ ಮೇಲಕ್ಕೂ ಕೆಳಕ್ಕೂ ಎಳೆದು ನೂಲುವವನು 'ಕ್ಲೋಸ್ತಿಸ್'. ಉಳಿದವರು ಒಂದೇ ಸ್ವರದಲ್ಲಿ ಶ್ರುತಿಯನ್ನು ಹಿಡಿಯುವ 'ಇಸೊಕ್ರಾತೆಸ್'. ಇಲ್ಲಿ ಬರಿಯ ಕೇಳುಗನೆಂಬುವನಿಗೆ ಎಡೆ ಕಡಮೆ. ಸುಮ್ಮನೆ ಕುಳಿತವನೂ ಶ್ರುತಿಯನ್ನು ಹಿಡಿಯಬಲ್ಲನು.

ಮೂರನೆಯದು ದಕ್ಷಿಣದ ಮಾನಿ ಪ್ರಾಂತ. ಅಲ್ಲಿಯ ಹೆಂಗಸರು ಸತ್ತವರನ್ನು ಕುರಿತು ಹಾಡುವ 'ಮಿರೊಲೋಯಿ' ಎಂಬ ಶೋಕಗೀತಗಳು ಪ್ರಸಿದ್ಧವಾದುವು. ಇವು ಹೆಣದ ಮುಂದೆ, ಬಂಧುಗಳ ನಡುವೆ, ಒಬ್ಬಳು ಬಿಟ್ಟಲ್ಲಿಂದ ಇನ್ನೊಬ್ಬಳು ಎತ್ತಿಕೊಳ್ಳುವಂತೆ ಬೆಳೆಯುವುವು. ಸಾವಿಲ್ಲದ ಮನೆಯಲ್ಲಿ ಶೋಕಗೀತವನ್ನು ಹಾಡುವುದು ಗ್ರೀಸಿನ ಅನೇಕ ಕಡೆ ಅಪಶಕುನವೆಂದೆಣಿಸಲ್ಪಟ್ಟಿದೆ. ಕ್ಯಾಮರಾವನ್ನಿಟ್ಟು 'ಒಂದು ಹಾಡಿರಿ' ಎಂದರೆ ಅಲ್ಲಿ ಕೇಳಿದುದು ಹಾಡನ್ನಲ್ಲ, ಸಾವನ್ನು.

'ಪಾರಸಿಕರು' ನಾಟಕವನ್ನು ಪಾಠಹೇಳಿದವರಿಗೆ ಈ ತತ್ತ್ವವು ಬೇರೊಂದು ರೂಪದಲ್ಲಿ ಗೊತ್ತೇ ಇರುವುದು. ಸೋಲಿನ ಸುದ್ದಿಯನ್ನು ತಂದ ದೂತನು ಬಂದು ನಿಂತರೆ ಸಾಲದು. ಕೇಳುವ ರಾಣಿಯೂ ಮರುಗುವ ವೃದ್ಧರ ಮೇಳವೂ ಇರಬೇಕು. ಅವರು ಪ್ರಶ್ನಿಸಿದಂತೆಲ್ಲ ಅವನ ವಾರ್ತೆಯು ಬೆಳೆಯುತ್ತದೆ, ಅವರ ದುಃಖದಲ್ಲಿ ಅದು ಅರ್ಥವನ್ನು ಪಡೆಯುತ್ತದೆ. ಕ್ಯಾಮರಾಕ್ಕೆ ಕಣ್ಣುಂಟು, ಆದರೆ ಮರುಗುವ ಮನಸ್ಸಿಲ್ಲ. ಅದರ ಮುಂದೆ ಹಾಡಿದವನ ಹಾಡು ಉತ್ತರವಿಲ್ಲದ ಪತ್ರದಂತೆ. ಈ ಕೊರತೆಯನ್ನು ತುಂಬುವುದೇ ಮಾರ್ಗದರ್ಶಿಯ ಮೊದಲನೆಯ ಕೆಲಸ. ನೋಡುವವರಿಗೆ ವಿವರಿಸುವುದು ಎರಡನೆಯದು. ಹಾಡುವವರಿಗೆ ಕೇಳುಗರಾಗಿ ಒದಗುವುದು ಮೊದಲನೆಯದು. ಅಲಂಕಾರಶಾಸ್ತ್ರದ ಮಾತಿನಲ್ಲಿ ಹೇಳುವುದಾದರೆ, ತೆರೆಯ ಮೇಲಿನ ಮಾರ್ಗದರ್ಶಿಯು ಭಾಷ್ಯಕಾರನಾಗುವುದಕ್ಕೆ ಮುಂಚೆ ಸಹೃದಯನಾಗಬೇಕು.

೫

ಈ ಕೆಲಸವನ್ನು ಗ್ರೀಸಿನಲ್ಲಿ ಚೆನ್ನಾಗಿ ನಡೆಸಿದವರಲ್ಲಿ ದೊಮ್ನಾ ಸಾಮಿಯು ಅವರ ಹೆಸರನ್ನು ಮೊದಲು ಹೇಳಬೇಕು. ಇವರು ೧೯೨೮ರಲ್ಲಿ ಅಥೆನ್ಸಿನ ಕೈಸರಿಯಾನಿ ಎಂಬ ನಿರಾಶ್ರಿತರ ಬಡಾವಣೆಯಲ್ಲಿ ಹುಟ್ಟಿದರು. ತಂದೆತಾಯಿಗಳು ಏಷ್ಯಾ ಮೈನರಿನ ಬಾಯಿಂದಿರ್ ಎಂಬ ಊರಿನ ಕಡೆಯವರು. ೧೯೨೨ರ ಯುದ್ಧದ ಸೋಲು, ೧೯೨೩ರ ಲೋಸಾನ್ ಒಪ್ಪಂದ ಇವುಗಳ ದೆಸೆಯಿಂದ ಸುಮಾರು ೧೨ ಲಕ್ಷ ಕ್ರೈಸ್ತರು ಆ ತೀರವನ್ನು ಬಿಟ್ಟು ಗ್ರೀಸಿಗೆ ಬರಬೇಕಾಯಿತು. ಆ ಮನೆತನಗಳಿಗೆ ಊರೆಂಬುದು ನೆನಪಿನಲ್ಲಿ ಮಾತ್ರ ಉಳಿದಿತ್ತು. ಸಾಮಿಯು ಅವರಿಗೆ ತಮ್ಮದೆಂದು ಹೇಳಿಕೊಳ್ಳುವ ಪ್ರಾಂತವು ಗ್ರೀಸಿನೊಳಗೆ ಇರಲಿಲ್ಲ. ಆದುದರಿಂದಲೇ ಎಲ್ಲ ಪ್ರಾಂತಗಳಿಗೂ ಅವರು ಅತಿಥಿಯಾಗಿ ಹೋಗಬಲ್ಲವರಾದರು ಎಂದರೆ ತಪ್ಪಾಗದು.

ಹದಿಮೂರನೆಯ ವಯಸ್ಸಿನಲ್ಲಿ ಇವರಿಗೆ ಸಿಮೋನ್ ಕಾರಾಸ್ ಎಂಬ ಸಂಗೀತ ವಿದ್ವಾಂಸರ ಪರಿಚಯವಾಯಿತು. ಕಾರಾಸರು ೧೯೨೯ರಲ್ಲಿ ರಾಷ್ಟ್ರೀಯ ಸಂಗೀತದ ಪ್ರಸಾರಕ್ಕಾಗಿ ಸಂಘವೊಂದನ್ನು ಸ್ಥಾಪಿಸಿ, ಬೈಜಾಂಟಿಯಮಿನ ದೇವಾಲಯ ಸಂಗೀತವನ್ನೂ ಹಳ್ಳಿಯ ಹಾಡನ್ನೂ ಒಟ್ಟಿಗೆ ಕಲಿಸುತ್ತಿದ್ದರು. ಅವರ ಕಟ್ಟುನಿಟ್ಟಾದ ಶಿಕ್ಷಣದಲ್ಲಿ ಬೆಳೆದ ಶಿಷ್ಯೆಯು ೧೯೫೪ರಲ್ಲಿ ಆಕಾಶವಾಣಿಯ ನಾಡಸಂಗೀತ ವಿಭಾಗವನ್ನು ಸೇರಿದರು. ೧೯೬೩ರಿಂದ ತಮ್ಮ ಖರ್ಚಿನಲ್ಲಿಯೇ ಪ್ರಾಂತಗಳನ್ನು ಸುತ್ತಿ ಹಾಡುಗಳನ್ನು ಧ್ವನಿಮುದ್ರಿಸಿಕೊಳ್ಳತೊಡಗಿದರು.

ಆಗ ದೇಶದ ಸ್ಥಿತಿಯು ಈ ಕಾರ್ಯಕ್ಕೆ ಅನುಕೂಲವಾಗಿರಲಿಲ್ಲ. ೧೯೬೭ರ ಏಪ್ರಿಲಿನಿಂದ ೧೯೭೪ರ ಜುಲೈವರೆಗೆ ಸೈನ್ಯಾಧಿಕಾರಿಗಳ ಸರ್ವಾಧಿಕಾರವು ನಡೆಯಿತು. ಅವರು ನಾಡಿನ ಹಾಡನ್ನೂ ಕುಣಿತವನ್ನೂ ತಮ್ಮ ಉತ್ಸವಗಳ ಅಲಂಕಾರವಾಗಿ ಮಾಡಿಕೊಂಡರು. ಇದರ ಫಲವಾಗಿ, ಆ ಆಳ್ವಿಕೆಯನ್ನು ದ್ವೇಷಿಸಿದ ನಗರದ ತರುಣರಿಗೆ ಹಳ್ಳಿಯ ಹಾಡೂ ಬೇಡವಾಯಿತು. ಹಾಡಿದವರು ಯಾವ ಅಪರಾಧವನ್ನೂ ಮಾಡಿರಲಿಲ್ಲ. ಹಾಡಿಸಿದವರ ಕೊಳೆಯು ಹಾಡಿಗೆ ಹತ್ತಿತು. ಇಂತಹ ಕಾಲದಲ್ಲಿ, ೧೯೭೧ರಲ್ಲಿ, ದಿಯೊನೀಸಿಸ್ ಸವ್ವೊಪೊಲೊಸ್ ಎಂಬ ತರುಣ ಗೀತಕಾರರು ಸಾಮಿಯು ಅವರನ್ನು ಅಥೆನ್ಸಿನ ತರುಣರು ನೆರೆಯುತ್ತಿದ್ದ 'ರೋದಿಯೊ' ಎಂಬ ಸಂಗೀತಶಾಲೆಗೆ ಬರಮಾಡಿ ಹಾಡಿಸಿದರು. ಸರ್ಕಾರದ ವೇದಿಕೆಯಲ್ಲಿ ಕೇಳಿ ಬೇಸತ್ತಿದ್ದ ಹಾಡು ಇಲ್ಲಿ ಬೇರೆಯಾಗಿ ಕೇಳಿಸಿತು.

ಸರ್ವಾಧಿಕಾರವು ಬಿದ್ದು, ೧೯೭೫ರಲ್ಲಿ ಇ.ಆರ್.ಟಿ. ಎಂಬ ಸಾರ್ವಜನಿಕ ಪ್ರಸಾರಸಂಸ್ಥೆಯು ಏರ್ಪಟ್ಟ ಮೇಲೆ, ೧೯೭೬-೭೭ರಲ್ಲಿ 'ಸಂಗೀತಯಾತ್ರೆ' ಎಂಬ ಅರ್ಥವುಳ್ಳ ಹೆಸರಿನ ಇಪ್ಪತ್ತು ಸಾಕ್ಷ್ಯಚಿತ್ರಗಳ ಮಾಲೆಯು ದೂರದರ್ಶನದಲ್ಲಿ ಬಂದಿತು. ಫೋತೋಸ್ ಲಾಂಬ್ರಿನೋಸ್, ಆಂದ್ರೆಯಾಸ್ ಥೊಮೊಪೊಲೊಸ್ ಎಂಬವರು ಅದರ ನಿರ್ದೇಶಕರು; ಸಾಮಿಯು ಅವರೇ ಮಾರ್ಗದರ್ಶಿ. ಆಗಿನ ನೋಡುಗರು ಯಾರೆಂಬುದನ್ನು ನೆನೆಯಬೇಕು. ಮಹಾ ಅಥೆನ್ಸಿನ ಜನಸಂಖ್ಯೆಯು ೧೯೫೧ರಲ್ಲಿ ಸುಮಾರು ೧೪ ಲಕ್ಷವಿದ್ದುದು ೧೯೭೧ರ ಹೊತ್ತಿಗೆ ೨೫ ಲಕ್ಷವನ್ನು ಮುಟ್ಟಿತ್ತು. ಹೊಸದಾಗಿ ಬಂದವರಲ್ಲಿ ಬಹುಮಂದಿ ಹಳ್ಳಿಗಳನ್ನು ಬಿಟ್ಟು ಬಂದವರು. ಬಿಟ್ಟುಬಂದುದನ್ನೇ ಅವರಿಗೆ ತೋರಿಸಬೇಕಾಗಿತ್ತು. ಅವರ ಮಕ್ಕಳಿಗೆ ಅದು ನಾಚಿಕೆಯ ವಿಷಯವಲ್ಲವೆಂದೂ ತಿಳಿಸಬೇಕಾಗಿತ್ತು.

ಸಾಮಿಯು ಅವರ ಯೋಗ್ಯತೆಯು ಎರಡು ಗುಣಗಳಲ್ಲಿದೆ. ಮೊದಲನೆಯದು, ಅವರು ಸ್ವತಃ ಹಾಡುವವರು. ಹಾಡಲಾರದ ಪಂಡಿತನು ಹಳ್ಳಿಯ ಮುದುಕಿಯನ್ನು ಪ್ರಶ್ನೆ ಕೇಳಿದರೆ ಅದು ಅಧಿಕಾರಿಯ ವಿಚಾರಣೆಯಂತೆ ಕೇಳಿಸುವುದುಂಟು. ಹಾಡಬಲ್ಲವರು ಕೇಳಿದರೆ ಅದು ಸಮಾನರ ಮಾತು. ಎರಡನೆಯದು, ಅವರು ಬಹುವರ್ಷ ಬರಿಯ ಧ್ವನಿಯಂತ್ರವನ್ನು ಹೊತ್ತು ತಿರುಗಿದವರು. ಎಲ್ಲಿ ಹಾಡು ಇದೆಯೆಂಬುದರ ಜೊತೆಗೆ ಯಾವ ಹಾಡನ್ನು ಯಾವಾಗ ಕೇಳಬಾರದೆಂಬುದೂ ಅಂತಹ ಅಲೆದಾಟದಿಂದಲೇ ತಿಳಿಯಬೇಕು. ೧೯೮೧ರಲ್ಲಿ ತಮ್ಮ ಹೆಸರಿನ ನಾಡಸಂಗೀತ ಸಂಘವನ್ನು ಸ್ಥಾಪಿಸಿ ಕೊನೆಯವರೆಗೂ ಈ ಕೆಲಸದಲ್ಲಿಯೇ ಇದ್ದು, ಅವರು ೨೦೧೨ರ ಮಾರ್ಚಿಯಲ್ಲಿ ತೀರಿಕೊಂಡರು.

ಈ ಕ್ರಮಕ್ಕೆ ಪ್ರತಿಯಾದ ಇನ್ನೊಂದು ಕ್ರಮವೂ ಗ್ರೀಸಿನಲ್ಲಿ ಬೆಳೆಯಿತು. ಇಪ್ಪತ್ತೊಂದನೆಯ ಶತಮಾನದಲ್ಲಿ ಇದೇ ಸಂಸ್ಥೆಯು ಪ್ರಸಾರಮಾಡಿದ 'ನೆಲದ ಉಪ್ಪು' ಎಂಬರ್ಥದ ಹೆಸರಿನ ಮಾಲೆಯಲ್ಲಿ ಅಥೆನ್ಸ್ ವಿಶ್ವವಿದ್ಯಾನಿಲಯದ ಸಂಗೀತಶಾಸ್ತ್ರದ ಪ್ರಾಧ್ಯಾಪಕರಾದ ಲಾಂಬ್ರೋಸ್ ಲಿಯಾವಾಸ್ ಅವರು ಮಾರ್ಗದರ್ಶಿಗಳು. ಇಲ್ಲಿ ಸಾಮಾನ್ಯವಾಗಿ ಪ್ರಾಂತಗಳ ಗಾಯಕರೂ ವಾದಕರೂ ಒಂದೆಡೆ ಕೂಡಿ ಕೂಟದ ರೀತಿಯಲ್ಲಿ ಹಾಡಿ ಕುಣಿಯುವರು. ನಡುನಡುವೆ ಪ್ರಾಧ್ಯಾಪಕರು ವಿಷಯವನ್ನು ತಿಳಿಸುವರು. ಮೊದಲನೆಯದರಲ್ಲಿ ಮಾರ್ಗದರ್ಶಿಯು ಊರಿಗೆ ಹೋದರೆ, ಎರಡನೆಯದರಲ್ಲಿ ಊರೇ ಮಾರ್ಗದರ್ಶಿಯ ಬಳಿಗೆ ಬಂದಂತಾಯಿತು. ವಿದ್ಯೆಗೆ ಇದರಿಂದ ಲಾಭವುಂಟು. ಒಂದು ಪ್ರಾಂತದ ಮಟ್ಟನ್ನು ಇನ್ನೊಂದರೊಡನೆ ಅಲ್ಲಿಯೇ ಹೋಲಿಸಬಹುದು. ಆದರೆ ಊರಿನ ಅಂಗಳ, ಮುದುಕರ ಮೌನ, ಹಾಡಬಾರದ ಹೊತ್ತು ಇವು ಅಲ್ಲಿಗೆ ಬರಲಾರವು.

೬

ಇನ್ನು ದೋಷಗಳನ್ನು ಕುರಿತು ಹೇಳಬೇಕು. ಅವುಗಳಲ್ಲಿ ಮೂರು ಮುಖ್ಯವಾದುವು.

ಮೊದಲನೆಯದು ಪ್ರಾಚೀನತೆಯ ಮೋಹ. ಪೊಲಿಟಿಸನ ಕಾಲದಿಂದಲೂ ಗ್ರೀಸಿನ ಜಾನಪದ ಶಾಸ್ತ್ರವು ಇಂದಿನ ಹಳ್ಳಿಗರಲ್ಲಿ ಹೋಮರನ ಕಾಲದ ಅವಶೇಷಗಳನ್ನು ಹುಡುಕಿತು. ಕಾರಾಸರೂ ಪ್ರಾಚೀನ ಸಂಗೀತ, ಬೈಜಾಂಟಿಯಮಿನ ಸಂಗೀತ, ಹಳ್ಳಿಯ ಸಂಗೀತ ಇವು ಒಂದೇ ಪ್ರವಾಹವೆಂದು ನಂಬಿದ್ದರು. ಶೋಕಗೀತಗಳ ವಿಷಯದಲ್ಲಿ ಇಂತಹ ಸಂಬಂಧವನ್ನು ವಿದ್ವಾಂಸರು ಎಚ್ಚರದಿಂದ ಪರಿಶೀಲಿಸಿರುವರು. ಆದರೆ ತೆರೆಯ ಮೇಲೆ ನಿಂತವರು ಪ್ರತಿಯೊಂದು ಕುಣಿತಕ್ಕೂ ಎರಡೂವರೆ ಸಾವಿರ ವರ್ಷದ ವಂಶಾವಳಿಯನ್ನು ಹೇಳತೊಡಗಿದರೆ ಆರ್ಗೋಸಿನ ವಿವರಣೆಗಾರರ ಜಾಡನ್ನೇ ಹಿಡಿದಂತಾಯಿತು. ಎದುರಿಗೆ ಕುಣಿಯುತ್ತಿರುವವನು ಆಗ ಮನುಷ್ಯನಾಗಿ ಕಾಣುವುದಿಲ್ಲ; ಶಾಸನದ ಕಲ್ಲಿನಂತೆ ಕಾಣುತ್ತಾನೆ.

ಎರಡನೆಯದು ತೋರಿಸದೆ ಬಿಡುವುದು. ಗ್ರೀಸಿನಲ್ಲಿ ಗ್ರೀಕ್ ಒಂದೇ ಮಾತಾಗಿ ಇರಲಿಲ್ಲ. ಡೋರಿಕ್ ಮೂಲದ ತ್ಸಾಕೋನಿಯನ್, ಕಪ್ಪು ಸಮುದ್ರದ ತೀರದಿಂದ ಬಂದ ನಿರಾಶ್ರಿತರ ಪೊಂಟಿಕ್ ಮೊದಲಾದ ಉಪಭಾಷೆಗಳಿರುವುದಲ್ಲದೆ, ವ್ಲಾಖ್, ಅರ್ವಾನಿತಿಕ, ಉತ್ತರದ ಸ್ಲಾವಿಕ್ ನುಡಿ ಇವುಗಳಲ್ಲಿಯೂ ಹಾಡುಗಳುಂಟು. ೧೯೩೬ರಿಂದ ೧೯೪೧ರವರೆಗೆ ನಡೆದ ಮೆತಾಕ್ಸಾಸನ ಆಡಳಿತದಲ್ಲಿ ಸ್ಲಾವಿಕ್ ನುಡಿಯನ್ನಾಡುವುದೇ ನಿಷಿದ್ಧವಾಯಿತು. ಆ ಕಡೆಯ ಹಲವು ಹಳ್ಳಿಗಳಲ್ಲಿ ಮಾತು ಬಿದ್ದುಹೋಗಿ ಮಟ್ಟು ಮಾತ್ರ ವಾದ್ಯಗಳಲ್ಲಿ ಉಳಿಯಿತು. ಮಾತಿಲ್ಲದ ಅಂತಹ ಕುಣಿತವನ್ನು ತೋರಿಸುವಾಗ ಮಾರ್ಗದರ್ಶಿಯು ವಾದ್ಯದ ಇಂಪನ್ನು ಹೊಗಳಿ ಮುಂದೆ ಸಾಗಿದರೆ ಆ ಮೌನಕ್ಕೆ ತಾನೂ ಪಾಲುಗಾರನಾದಂತೆ. ಸುಳ್ಳನ್ನು ಹೇಳದೆಯೂ ಸತ್ಯವನ್ನು ಮರೆಸಬಹುದಷ್ಟೆ.

ಮೂರನೆಯದು ಮಾತಿನ ಅತಿರೇಕ. ಹಾಡು ನಡೆಯುತ್ತಿರುವಾಗ ಅದರ ಮೇಲೆ ವಿವರಣೆಯನ್ನು ಹೇರುವುದು, ಹಾಡಿದವರ ಉತ್ತರವನ್ನು ತಾನೇ ಪೂರ್ತಿಮಾಡುವುದು, ಪ್ರತಿ ದೃಶ್ಯದಲ್ಲಿಯೂ ತಾನೇ ನಡುವೆ ನಿಲ್ಲುವುದು ಇವು ಡೆಲ್ಫಿಯ ವಿವರಣೆಗಾರರಿಂದ ಬಂದ ಆಸ್ತಿ. ಊರಿನವರೇ ಬಿಡಿಸಿ ಹೇಳಬೇಕಾದುದನ್ನು ಕರೆದೊಯ್ಯುವವನು ಹೇಳಿಬಿಟ್ಟರೆ ಊರಿಗೆ ಹೋಗಬೇಕಾದ ಪ್ರಯೋಜನವೇ ಉಳಿಯುವುದಿಲ್ಲ.

೭

೨೦೧೩ರ ಜೂನ್ ೧೧ರಂದು ಆಗಿನ ಸರ್ಕಾರವು ಇ.ಆರ್.ಟಿ. ಸಂಸ್ಥೆಯನ್ನು ಏಕಾಏಕಿ ಮುಚ್ಚಿಬಿಟ್ಟಿತು. ೨೦೧೫ರ ಜೂನಿನಲ್ಲಿ ಅದು ಮತ್ತೆ ತೆರೆಯಿತು. ಆ ಎರಡು ವರ್ಷಗಳಲ್ಲಿ, ದಶಕಗಳಿಂದ ಕೂಡಿಬಂದ ಚಿತ್ರಗಳ ಭಂಡಾರವು ಏನಾಗುವುದೋ ಎಂಬ ಚಿಂತೆಯು ವಿದ್ವಾಂಸರನ್ನು ಕಾಡಿದುದು ಸಹಜವೇ. ೧೯೭೬ರಲ್ಲಿ ಮುದುಕರಾಗಿದ್ದ ಹಾಡುಗಾರರು ಈಗ ಇಲ್ಲ. ಅವರು ಹಾಡಿದುದು ಮಾತ್ರವಲ್ಲ, ಯಾರ ಮುಂದೆ ಹೇಗೆ ಹಾಡಿದರು, ಏನನ್ನು ಕೇಳಿದಾಗ ನಕ್ಕರು, ಏನನ್ನು ಕೇಳಿದಾಗ ತಡೆದರು ಎಂಬುದೂ ಆ ಚಿತ್ರಗಳಲ್ಲಿಯೇ ಇರುವುದು. ಪುಸ್ತಕದ ಪಾಠವನ್ನು ಇನ್ನೊಮ್ಮೆ ಸಂಪಾದಿಸಬಹುದು. ಆ ಕೂಟವನ್ನು ಮತ್ತೆ ಕೂಡಿಸಲಾಗದು.

ಸಾಹಿತ್ಯವನ್ನು ಬೋಧಿಸುವವರು ಇಂತಹ ಚಿತ್ರವೊಂದನ್ನು ವಿದ್ಯಾರ್ಥಿಗಳ ಮುಂದಿಟ್ಟಾಗ, ಹಾಡಿನ ಪಾಠವನ್ನು ಬರೆಯಿಸುವುದರ ಜೊತೆಗೆ ಮಾರ್ಗದರ್ಶಿಯ ಪ್ರಶ್ನೆಗಳನ್ನೂ ಬರೆಯಿಸುವುದು ಒಳ್ಳೆಯದು. ಯಾವ ಪ್ರಶ್ನೆಗೆ ಹಾಡು ಬಂದಿತು, ಯಾವ ಪ್ರಶ್ನೆಗೆ ಬರಲಿಲ್ಲ, ಕೇಳದೆ ಬಿಟ್ಟ ಪ್ರಶ್ನೆ ಯಾವುದು ಎಂಬ ವಿಚಾರದಿಂದ ಆ ದಾಖಲೆಯ ಬೆಲೆಯನ್ನು ಕಟ್ಟಬಹುದು. ಮಾರ್ಗದರ್ಶಿಯ ಸ್ಥಾನವೇನೆಂಬುದನ್ನು ಎಪೀರಸಿನ ಹಾಡುಗಾರರೇ ತಮ್ಮ ಪದ್ಧತಿಯಿಂದ ತೋರಿಸಿಕೊಟ್ಟಿರುವರು. ಎತ್ತಿಕೊಳ್ಳುವವನೂ ತಿರುಗಿಸುವವನೂ ನೂಲುವವನೂ ಊರಿನವರೇ ಆಗಿರಬೇಕು. ಹೊರಗಿನಿಂದ ಬಂದವರಿಗೆ ಉಳಿಯುವುದು ಶ್ರುತಿಯನ್ನು ಹಿಡಿಯುವ ಕೆಲಸ. ಅದು ಸಣ್ಣದೆಂದು ತೋರಬಹುದು. ಆದರೆ ಶ್ರುತಿ ತಪ್ಪಿದರೆ ಉಳಿದ ಮೂವರ ಹಾಡೂ ನಿಲ್ಲಲಾರದು.